ತಲೆ ಅವರದು, ಕೈ ನಮ್ಮದು: ಈ ಪಾಲು ಹಂಚಿದವರಾರು?

ಗಿರಣಿಯ ಗೇಟಿನಲ್ಲಿ ಹೋಗಿ ಕೇಳಿ, ಸಂಧಾನದ ಮೇಜಿನ ಮುಂದೆ ಕುಳಿತು ಕೇಳಿ, ಲೇಬರ್ ಆಫೀಸಿನ ಬೆಂಚಿನ ಮೇಲೆ ಕಾದು ಕೇಳಿ. ಮಾಲೀಕವರ್ಗದ ಬಾಯಿಂದ ಬರುವ ಮಾತು ಒಂದೇ. "ಕೂಲಿಯ ಮಾತಾಡಿ, ಬೋನಸ್ಸಿನ ಮಾತಾಡಿ, ಕೇಳುತ್ತೇವೆ. ಆಡಳಿತದ ವಿಚಾರಕ್ಕೆ ಮಾತ್ರ ಕೈಹಾಕಬೇಡಿ. ಅದು ನಮ್ಮ ಹಕ್ಕು." ಯಾವ ಹತ್ತಿ ಕೊಳ್ಳಬೇಕು, ಯಾವ ಯಂತ್ರ ತರಬೇಕು, ಒಬ್ಬ ಆಳಿಗೆ ಎಷ್ಟು ಮಗ್ಗ ಕೊಡಬೇಕು, ಯಾವ ಪಾಳಿ ನಿಲ್ಲಿಸಬೇಕು, ಕೊನೆಗೆ ಯಾವ ದಿನ ಬೀಗ ಹಾಕಬೇಕು, ಇವೆಲ್ಲ ಆಡಳಿತದ ವಿಚಾರವಂತೆ! ಬೀಗ ಬಿದ್ದ ಮೇಲೆ ಮನೆಯಲ್ಲಿ ಒಲೆ ಹತ್ತದಿರುವುದು ಮಾತ್ರ ನಮ್ಮ ವಿಚಾರ.

ಇತ್ತೀಚೆಗೆ ಈ ಹಕ್ಕಿಗೆ ಒಂದು ಶಾಸ್ತ್ರದ ಅಂಗಿಯನ್ನೂ ತೊಡಿಸಿದ್ದಾರೆ. ನಿರ್ಧಾರ ಕೈಗೊಳ್ಳುವುದು ಹೇಗೆ, ಸಮಸ್ಯೆಯನ್ನು ಬಿಡಿಸುವುದು ಹೇಗೆ ಎಂದು ಕಲಿಸುವ ದೊಡ್ಡ ದೊಡ್ಡ ವಿದ್ಯಾಲಯಗಳಿವೆ. ಲಕ್ಷಗಟ್ಟಲೆ ಫೀಸು ತೆತ್ತು ಅಲ್ಲಿ ಕಲಿತವರು ಬಂದು ಗಿರಣಿಯ ಮಹಡಿಯ ಮೇಲೆ ಕೂರುತ್ತಾರೆ. ವಿದ್ಯೆಯನ್ನು ಜರೆಯುವವರು ನಾವಲ್ಲ. ಸೀಮೆಸುಣ್ಣ ಹಿಡಿದು ಮಕ್ಕಳಿಗೆ ಮಗ್ಗಿ ಹೇಳಿಸಿ ಬಂದವರು ನಾವು. ನಮ್ಮ ತಕರಾರು ಬೇರೆ. ಸಮಸ್ಯೆ ಹುಟ್ಟುವುದು ಕೆಳಗೆ, ಮಗ್ಗದ ಬಳಿ. ಅದನ್ನು ಬಿಡಿಸುವವರು ಕೂರುವುದು ಮೇಲೆ, ಫ್ಯಾನಿನ ಕೆಳಗೆ. ನಡುವೆ ಇರುವ ಮೆಟ್ಟಿಲಿನ ಮೇಲೆ "ಅಪ್ಪಣೆಯಿಲ್ಲದೆ ಪ್ರವೇಶವಿಲ್ಲ" ಎಂಬ ಬೋರ್ಡು! ಇದು ಎಂಥ ಶಾಸ್ತ್ರ ಎಂದು ಕೇಳುವ ಅಧಿಕಾರ ನಮಗಿಲ್ಲವೆ?

ಈ ಹಂಚಿಕೆಯನ್ನು ದೇವರು ಮಾಡಿದ್ದಲ್ಲ. ಇದಕ್ಕೊಬ್ಬ ಮೂಲಪುರುಷನಿದ್ದಾನೆ. ಅಮೆರಿಕದ ಇಂಜಿನಿಯರ್ ಫ್ರೆಡರಿಕ್ ಟೇಲರ್ 1911ರಲ್ಲಿ ವೈಜ್ಞಾನಿಕ ಆಡಳಿತದ ತತ್ವಗಳ ಬಗ್ಗೆ ಒಂದು ಪುಸ್ತಕ ಬರೆದ. ಯೋಚಿಸುವ ಕೆಲಸ ಮೇಲಿನವರದು, ಹೇಳಿದಂತೆ ಮಾಡುವ ಕೆಲಸ ಕೆಳಗಿನವರದು ಎಂಬುದು ಅವನ ತತ್ವದ ತಿರುಳು. ಬೆತ್ಲಹೆಮ್ ಉಕ್ಕಿನ ಕಂಪೆನಿಯಲ್ಲಿ ಕಬ್ಬಿಣದ ಗಟ್ಟಿ ಹೊರುತ್ತಿದ್ದ ಒಬ್ಬ ಕೂಲಿಯ ಉದಾಹರಣೆಯನ್ನು ಅವನು ಹೆಮ್ಮೆಯಿಂದ ಕೊಡುತ್ತಾನೆ. ಆ ಕೂಲಿ ದಿನಕ್ಕೆ ಹನ್ನೆರಡೂವರೆ ಟನ್ನು ಹೊರುತ್ತಿದ್ದವನು, ಟೇಲರನ ಶಾಸ್ತ್ರದ ಪ್ರಕಾರ ನಲವತ್ತೇಳೂವರೆ ಟನ್ನು ಹೊರತೊಡಗಿದ. ಅವನ ದಿನಗೂಲಿ 1.15 ಡಾಲರಿನಿಂದ 1.85 ಡಾಲರಿಗೆ ಏರಿತು. ಮೇಷ್ಟರ ಹಳೆಯ ಅಭ್ಯಾಸ, ಲೆಕ್ಕ ಹಾಕದೆ ಬಿಡಲಾರೆವು: ಹೊರೆ ಹತ್ತಿರ ಹತ್ತಿರ ನಾಲ್ಕು ಪಟ್ಟಾಯಿತು, ಕೂಲಿ ಒಂದೂಮುಕ್ಕಾಲು ಪಟ್ಟೂ ಆಗಲಿಲ್ಲ. ಉಳಿದದ್ದು ಎಲ್ಲಿಗೆ ಹೋಯಿತೆಂಬ ಪ್ರಶ್ನೆಗೆ ಉತ್ತರ ಬರೆಯಲು ಮೂರನೆಯ ತರಗತಿಯ ಹುಡುಗನೂ ಸಾಕು. ಮಾಲೀಕರಿಗೆ ಆ ಪುಸ್ತಕ ಏಕೆ ಅಷ್ಟು ಹಿಡಿಸಿತೆಂಬುದಕ್ಕೂ ಅದೇ ಉತ್ತರ.

ಕಾರ್ಮಿಕನಿಗೆ ಯೋಚಿಸಲು ಬಾರದು ಎಂಬುದೇ ಈ ಶಾಸ್ತ್ರದ ಅಡಿಗಲ್ಲು. ಆ ಕಲ್ಲು ಎಷ್ಟು ಟೊಳ್ಳೆಂಬುದನ್ನು ನಮ್ಮ ದೇಶದ ಒಂದು ಬಟ್ಟೆ ಗಿರಣಿಯೇ ತೋರಿಸಿಕೊಟ್ಟಿದೆ. ಆ ಕಥೆಯನ್ನು ಸ್ವಲ್ಪ ವಿಸ್ತಾರವಾಗಿಯೇ ಹೇಳುತ್ತೇವೆ, ಏಕೆಂದರೆ ಗಿರಣಿ ಕೆಲಸಗಾರರಿಗೆ ಇದು ತಮ್ಮ ಮನೆಯ ಕಥೆಯಂತೆ ತೋರುತ್ತದೆ.

ಅಹಮದಾಬಾದಿನ ಕ್ಯಾಲಿಕೋ ಗಿರಣಿ ಸಾರಾಭಾಯಿ ಮನೆತನದ್ದು. 1918ರಲ್ಲಿ ಅಲ್ಲಿನ ಗಿರಣಿ ಕಾರ್ಮಿಕರ ಪರ ನಿಂತು ಗಾಂಧೀಜಿ ಉಪವಾಸ ಮಾಡಿದರಲ್ಲ, ಆಗ ಮಾಲೀಕರ ಮುಂದಾಳಾಗಿದ್ದವರು ಇದೇ ಮನೆಯ ಅಂಬಾಲಾಲರು. ಕಾರ್ಮಿಕರ ಕಡೆ ನಿಂತವರು ಅವರ ಸ್ವಂತ ಅಕ್ಕ ಅನಸೂಯಾ ಬೆನ್. ಇರಲಿ, ಅದು ಬೇರೆಯೇ ಒಂದು ಕಥೆ. 1952ರ ಸುಮಾರಿಗೆ ಈ ಕಂಪೆನಿಯವರು ಒಂದು ಖಾತೆಯಲ್ಲಿ ಹೊಸ ಸ್ವಯಂಚಾಲಿತ ಮಗ್ಗಗಳನ್ನು ಕೂರಿಸಿದರು. ಕೆಲಸವನ್ನು ಹನ್ನೆರಡು ಚೂರು ಮಾಡಿದರು. ನೇಯುವವನೊಬ್ಬ, ಬಾಬಿನ್ ತುಂಬುವವನೊಬ್ಬ, ತುಂಡಾದ ಹಾಸನ್ನು ಕಟ್ಟುವವನೊಬ್ಬ, ಎಣ್ಣೆ ಬಿಡುವವನೊಬ್ಬ, ಕಸ ಗುಡಿಸುವವನೊಬ್ಬ, ಜಾಬರ್ ಒಬ್ಬ, ಅವನಿಗೊಬ್ಬ ಸಹಾಯಕ, ಹೀಗೆ. ಒಬ್ಬೊಬ್ಬನಿಗೂ ಒಂದೊಂದು ಲೆಕ್ಕದ ಮಗ್ಗಗಳು. ಒಂದು ಮಗ್ಗ ನಿಂತರೆ ಅದು ಯಾರ ಹೊಣೆಯೆಂದು ಯಾರಿಗೂ ತಿಳಿಯದು. ನೇಯುವವನು ಎಣ್ಣೆಯವನನ್ನು ಬೈಯುವನು, ಎಣ್ಣೆಯವನು ಜಾಬರನ ಕಡೆ ಕೈ ತೋರಿಸುವನು, ಮೇಲ್ವಿಚಾರಕ ಎಲ್ಲರನ್ನೂ ಬೈಯುವನು. ಯಂತ್ರ ಹೊಸದು, ಕೆಲಸದ ಅಳತೆಯೆಲ್ಲ ಶಾಸ್ತ್ರೋಕ್ತ. ಆದರೂ ಹುಟ್ಟುವಳಿ ಹಳೆಯ ಸಾದಾ ಮಗ್ಗಗಳಿಗಿಂತ ಮೇಲೇರಲೊಲ್ಲದು, ಬಟ್ಟೆ ಕೆಡುವುದು ಕಡಿಮೆಯಾಗಲೊಲ್ಲದು!

1953ರಲ್ಲಿ ಲಂಡನ್ನಿನ ಟಾವಿಸ್ಟಾಕ್ ಸಂಸ್ಥೆಯ ಎ. ಕೆ. ರೈಸ್ ಎಂಬವರು ಸಲಹೆಗಾರರಾಗಿ ಬಂದರು. ಚೂರು ಚೂರಾದ ಕೆಲಸವನ್ನು ಒಂದುಗೂಡಿಸಿ, ಇಷ್ಟು ಮಗ್ಗಗಳಿಗೆ ಇಷ್ಟು ಜನರ ಒಂದು ತಂಡ ಎಂದು ಮಾಡಿದರೆ ಹೇಗೆ, ತಂಡವೇ ತನ್ನೊಳಗೆ ಕೆಲಸ ಹಂಚಿಕೊಂಡರೆ ಹೇಗೆ ಎಂಬುದು ಅವರ ಸೂಚನೆ. ಸೂಚನೆ ಅಷ್ಟೆ. ಮುಂದಿನದನ್ನು ಮಾಡಿದವರು ಕಾರ್ಮಿಕರು. ಅವರೂ ಮೇಲ್ವಿಚಾರಕರೂ ಕೂಡಿ ಕೂತು, ಯಾರ ಜೊತೆ ಯಾರು ಹೊಂದುತ್ತಾರೆಂದು ತಾವೇ ತೀರ್ಮಾನಿಸಿ, ತಂಡಗಳ ಪಟ್ಟಿ ಬರೆದುಕೊಟ್ಟರು. ಇಂತಿಷ್ಟೇ ಮಗ್ಗ ನಿನ್ನದು ಎಂಬ ಗೆರೆ ಅಳಿಸಿ, ಅರವತ್ತನಾಲ್ಕು ಮಗ್ಗ ನಮ್ಮೆಲ್ಲರದು ಎಂದಾಯಿತು. ಮೊದಲ ದಿನಗಳಲ್ಲಿ ಏರುಪೇರಾಯಿತು. ಮಗ್ಗ ಓಡಿಸುವ ಆತುರದಲ್ಲಿ ಬಟ್ಟೆ ಹೆಚ್ಚು ಕೆಟ್ಟಿದ್ದೂ ಉಂಟು. ಅದನ್ನೂ ಅವರೇ ತಿದ್ದಿಕೊಂಡರು. ಕೆಲವು ತಿಂಗಳಲ್ಲಿ ಮಗ್ಗಗಳ ಓಟ ನೂರಕ್ಕೆ ಸುಮಾರು 80 ಇದ್ದದ್ದು ಸುಮಾರು 95ಕ್ಕೆ ಏರಿತು. ಮೂರರಲ್ಲೊಂದು ಪಾಲಿನಷ್ಟು ಕೆಡುತ್ತಿದ್ದ ಬಟ್ಟೆ ಐದರಲ್ಲೊಂದು ಪಾಲಿಗೆ ಇಳಿಯಿತು. ಯಂತ್ರ ಬದಲಾಗಲಿಲ್ಲ, ಜನ ಬದಲಾಗಲಿಲ್ಲ. ಬದಲಾದದ್ದು ಒಂದೇ: ಯಾರು ನಿರ್ಧರಿಸಬೇಕು ಎಂಬುದು. ರೈಸ್ ಇದನ್ನೆಲ್ಲ 1958ರಲ್ಲಿ ಪುಸ್ತಕವಾಗಿ ಬರೆದರು. ಆಡಳಿತ ಶಾಸ್ತ್ರ ಕಲಿಸುವ ಕಡೆಗಳಲ್ಲಿ ಅದನ್ನು ಜಗತ್ತಿನಾದ್ಯಂತ ಓದಿದ್ದಾರೆ. ನಮ್ಮ ಗಿರಣಿಗಳ ಮಹಡಿಯ ಮೇಲೆ ಎಷ್ಟು ಜನ ಓದಿದ್ದಾರೋ, ಅವರೇ ಹೇಳಬೇಕು.

ಇಲ್ಲಿಗೇ ನಿಲ್ಲಿಸಿದರೆ ಮಾಲೀಕರೂ ಚಪ್ಪಾಳೆ ತಟ್ಟಿಯಾರು. "ನೋಡಿ, ಒಗ್ಗಟ್ಟಿನಿಂದ ದುಡಿದರೆ ಹುಟ್ಟುವಳಿ ಹೇಗೆ ಹೆಚ್ಚುತ್ತದೆ!" ಎಂದು ನಮಗೇ ಉಪದೇಶ ಮಾಡಿಯಾರು. ಕಥೆಯ ಉಳಿದ ಭಾಗವನ್ನೂ ಕೇಳಬೇಕು. 1970ರಲ್ಲಿ ಅದೇ ಟಾವಿಸ್ಟಾಕಿನ ಎರಿಕ್ ಮಿಲ್ಲರ್ ತಿರುಗಿ ಹೋಗಿ ನೋಡಿದರು. ಒಂದು ಕಡೆ ತಂಡದ ಪದ್ಧತಿ ಗಟ್ಟಿಯಾಗಿ ಉಳಿದಿತ್ತು. ಉಳಿದ ಕಡೆಗಳಲ್ಲಿ ಹಳೆಯ ಚಾಳಿ ಮರಳಿ ಬಂದಿತ್ತು. ಕಳೆದ ಶತಮಾನ ಮುಗಿಯುವ ಮೊದಲೇ ಕ್ಯಾಲಿಕೋ ಗಿರಣಿಯೇ ಮುಚ್ಚಿಹೋಯಿತು. ಅರವತ್ತನಾಲ್ಕು ಮಗ್ಗಗಳನ್ನು ಹೇಗೆ ಓಡಿಸಬೇಕೆಂಬ ನಿರ್ಧಾರ ಕಾರ್ಮಿಕರಿಗೆ ಬಂತೇ ಹೊರತು ಗಿರಣಿಯ ಹಣವನ್ನು ಎಲ್ಲಿ ಹೂಡಬೇಕು, ಯಾವ ವ್ಯಾಪಾರಕ್ಕೆ ಇಳಿಯಬೇಕು, ಯಾವುದನ್ನು ಬಿಡಬೇಕು ಎಂಬ ನಿರ್ಧಾರ ಬರಲಿಲ್ಲ. ಹಟ್ಟಿಯ ಬಾಗಿಲು ನಮ್ಮ ಕೈಗೆ, ಹಸುವಿನ ಹಗ್ಗ ಅವರ ಕೈಯಲ್ಲಿ!

ಈಗ ಇನ್ನೊಂದು ಮಗ್ಗದ ವಿಚಾರ. ಜಪಾನಿನ ಸಕಿಚಿ ಟೊಯೋಡ ಎಂಬಾತ ಹಾಸಿನ ಎಳೆ ಹರಿದ ಕೂಡಲೇ ತಾನಾಗಿ ನಿಲ್ಲುವ ಮಗ್ಗವನ್ನು ಕಂಡುಹಿಡಿದ. ಕೆಟ್ಟ ಬಟ್ಟೆ ನೇಯುವುದಕ್ಕಿಂತ ನಿಂತುಬಿಡುವುದು ಮೇಲು ಎಂಬ ಬುದ್ಧಿಯನ್ನು ಯಂತ್ರಕ್ಕೇ ಕಲಿಸಿದ. ಆ ಮಗ್ಗದ ಹಕ್ಕುಗಳನ್ನು 1929ರಲ್ಲಿ ಇಂಗ್ಲೆಂಡಿನ ಪ್ಲಾಟ್ ಸಹೋದರರ ಕಂಪೆನಿ ಒಂದು ಲಕ್ಷ ಪೌಂಡು ಕೊಟ್ಟು ಕೊಂಡಿತು. ಅದೇ ಮನೆತನ ಮುಂದೆ ಟೊಯೋಟಾ ಮೋಟಾರು ಕಂಪೆನಿಯನ್ನು ಕಟ್ಟಿತು. ಮೋಟಾರು ಕಾರ್ಖಾನೆಯಲ್ಲಿ ತಪ್ಪು ಕಂಡ ಕೆಲಸಗಾರ ಹಗ್ಗ ಎಳೆದರೆ ಇಡೀ ಸಾಲೇ ನಿಲ್ಲಬಹುದು. ನಿಂತ ಮೇಲೆ "ಯಾಕೆ?" ಎಂದು ಐದು ಸಲ ಕೇಳಬೇಕು, ಮೇಲುಮೇಲಿನ ಕಾರಣಕ್ಕೆ ತೃಪ್ತಿಪಡದೆ ಬೇರು ಮುಟ್ಟಬೇಕು. ಇಂದಿನ ಆಡಳಿತ ಪಂಡಿತರಿಗೆಲ್ಲ ಇದು ಬಾಯಿಪಾಠ.

ಒಳ್ಳೆಯದು. ನಾವೂ ಕೇಳೋಣ. ನಮ್ಮದೇ ಗಿರಣಿಯೊಂದರಲ್ಲಿ ಪದೇ ಪದೇ ನೂಲು ಹರಿಯುತ್ತಿದೆ ಎಂದುಕೊಳ್ಳಿ. ಯಾಕೆ? ನೂಲಿಗೆ ಬಲವಿಲ್ಲ. ಯಾಕೆ? ಹತ್ತಿಯ ಎಳೆ ಗಿಡ್ಡ, ಕಸ ಹೆಚ್ಚು. ಯಾಕೆ? ಈ ಸಲ ಅಗ್ಗದ ಮಾಲು ಕೊಂಡು ಬೆರೆಸಿದ್ದಾರೆ. ಯಾಕೆ? ಒಳ್ಳೆಯ ಹತ್ತಿ ಕೊಳ್ಳಲು ಗಿರಣಿಯಲ್ಲಿ ರೊಕ್ಕವಿಲ್ಲ. ಯಾಕೆ? ಗಿರಣಿಯ ಲಾಭವನ್ನು ಗಿರಣಿಗೆ ಹಾಕದೆ ಸೈಟು, ಕಲ್ಯಾಣಮಂಟಪ, ಇನ್ನೊಂದು ಊರಿನ ಇನ್ನೊಂದು ಕಂಪೆನಿ ಎಂದು ಬೇರೆ ಕಡೆಗೆ ತಿರುಗಿಸಿದ್ದಾರೆ.

ನೋಡಿದಿರಾ, ಐದನೆಯ "ಯಾಕೆ" ಯಾರ ಬಾಗಿಲು ತಟ್ಟುತ್ತದೆ! ಆದರೆ ನಮ್ಮ ಗಿರಣಿಗಳಲ್ಲಿ ಮೊದಲನೆಯ ಯಾಕೆಗೇ ವಿಚಾರಣೆ ಮುಗಿಯುತ್ತದೆ. ನೂಲು ಹರಿದದ್ದು ಯಾರ ಪಾಳಿಯಲ್ಲಿ? ಅವನಿಗೊಂದು ಮೆಮೋ. ಹೆಚ್ಚೆಂದರೆ ಎರಡನೆಯದು, ನೂಲುವ ಖಾತೆಯ ಮೇಸ್ತ್ರಿಗೊಂದು ಬೈಗುಳ. ಮೂರನೆಯ ಮೆಟ್ಟಿಲು ಹತ್ತಿದವನಿಗೆ ಶಿಸ್ತಿನ ಕ್ರಮ. ಹಗ್ಗ ಎಳೆಯುವ ಹಕ್ಕನ್ನು ಬೋಧಿಸುವ ಕಂಪೆನಿಗಳಲ್ಲಿಯೂ ಹೊರೆ ಎಷ್ಟೆಂದು ಹೇಳುವ ಮಾತು ಕಾರ್ಮಿಕನದಾಗಿಲ್ಲ. 2020ರ ನವೆಂಬರಿನಲ್ಲಿ ಬಿಡದಿಯ ಟೊಯೋಟಾ ಕಾರ್ಖಾನೆಯಲ್ಲಿ ಕೆಲಸದ ಹೊರೆ ಹೆಚ್ಚಾಗಿದೆಯೆಂದು ಕಾರ್ಮಿಕ ಸಂಘ ದೂರಿತು, ಕಂಪೆನಿ ಅಲ್ಲಗಳೆಯಿತು. ಸಂಘದ ಪದಾಧಿಕಾರಿಯೊಬ್ಬರ ಅಮಾನತು, ಧರಣಿ, ಲಾಕೌಟ್ ಎಂದು ತಗಾದೆ ಮುಗಿಯಲು 2021ರ ಮಾರ್ಚಿಯೇ ಬಂತು. ಯಾರ ಲೆಕ್ಕ ಸರಿ ಎಂಬ ಪಂಚಾಯಿತಿ ಇಲ್ಲಿ ಬೇಡ. ಹೊರುವವನೂ ಹೊರಿಸುವವನೂ ಒಂದೇ ಮೇಜಿನಲ್ಲಿ ಕೂತು ಹೊರೆಯನ್ನು ಅಳೆಯುವ ಏರ್ಪಾಡು ಇದ್ದಿದ್ದರೆ ಸಾವಿರಾರು ಮನೆಗಳು ತಿಂಗಳುಗಟ್ಟಲೆ ಕಾಯಬೇಕಾಗಿತ್ತೆ?

ಬಿಡದಿಯಲ್ಲಿ ಹೋದದ್ದು ಕೂಲಿ. ಭೋಪಾಲದಲ್ಲಿ ಹೋದದ್ದು ಜೀವ. ಯೂನಿಯನ್ ಕಾರ್ಬೈಡ್ ಕಾರ್ಖಾನೆಯಲ್ಲಿ 1981ರ ಡಿಸೆಂಬರಿನಲ್ಲಿಯೇ ವಿಷಾನಿಲ ತಗುಲಿ ಒಬ್ಬ ಕಾರ್ಮಿಕ ಸತ್ತ. ಸಂಘದವರು ಪ್ರತಿಭಟಿಸಿದರು, ಊರಿನ ಗೋಡೆಗಳಿಗೆ ಎಚ್ಚರಿಕೆಯ ಪೋಸ್ಟರು ಹಚ್ಚಿದರು. 1982ರಲ್ಲಿ ಕಂಪೆನಿಯದೇ ಅಮೆರಿಕನ್ ತಪಾಸಣಾ ತಂಡ ಬಂದು ದೋಷಗಳ ಪಟ್ಟಿ ಮಾಡಿಕೊಟ್ಟಿತು. ಮಹಡಿಯ ಮೇಲಿನವರು ನಿರ್ಧಾರ ಕೈಗೊಂಡರು, ಇಲ್ಲವೆನ್ನುವಂತಿಲ್ಲ. ಅನಿಲದ ತೊಟ್ಟಿಯನ್ನು ತಣ್ಣಗಿಡುವ ಯಂತ್ರಕ್ಕೆ ಖರ್ಚು ಹೆಚ್ಚೆಂದು 1984ರಲ್ಲಿ ಅದನ್ನು ನಿಲ್ಲಿಸಿದರು. ಆ ಖಾತೆಯ ಒಂದು ಪಾಳಿಯ ಆಳುಗಳನ್ನು ಹನ್ನೆರಡರಿಂದ ಆರಕ್ಕೆ ಇಳಿಸಿದರು. ರಾತ್ರಿ ಪಾಳಿಯ ದುರಸ್ತಿ ಮೇಲ್ವಿಚಾರಕನ ಜಾಗವನ್ನೇ ತೆಗೆದರು. ಸೋರಿದ ಅನಿಲವನ್ನು ಸುಡಬೇಕಾದ ಗೋಪುರದ ಕೊಳವೆ ಬಿಚ್ಚಿದ್ದು ಬಿಚ್ಚಿದಂತೆಯೇ ಇತ್ತು. ಒಂದೊಂದು ನಿರ್ಧಾರವೂ ಲೆಕ್ಕದ ಪುಸ್ತಕದಲ್ಲಿ ಉಳಿತಾಯವಾಗಿ ಕಂಡಿತು. ಡಿಸೆಂಬರ್ 2ರ ರಾತ್ರಿ, ಬೆಳಗಾದರೆ 3, ಸಾವಿರಾರು ಜನ ಮಲಗಿದ್ದಲ್ಲಿ, ಓಡಿದ್ದಲ್ಲಿ ಸತ್ತರು. ಆ ಉಳಿತಾಯದ ಕಾಗದಕ್ಕೆ ರುಜು ಹಾಕಿದವರ ಮನೆಗಳು ಕಾರ್ಖಾನೆಯ ಗೋಡೆಗೆ ಒರಗಿರಲಿಲ್ಲ. ಪೋಸ್ಟರು ಹಚ್ಚಿದವರು ಆ ಬೀದಿಗಳವರೇ.

"ಹತ್ತು ಜನ ಕೂಡಿದರೆ ನಿರ್ಧಾರವಾಗುವುದಿಲ್ಲ, ಗದ್ದಲವಾಗುತ್ತದೆ, ವ್ಯಾಪಾರದಲ್ಲಿ ಚುರುಕು ಬೇಕು" ಎಂಬ ವಾದ ನಮಗೆ ಗೊತ್ತಿಲ್ಲದ್ದೇನಲ್ಲ. ಈ ವಾದದ ಒಳಗೆ, ಮೇಲೆ ಕೂತ ಒಬ್ಬನಿಗೆ ಎಲ್ಲವೂ ತಿಳಿದಿದೆ ಎಂಬ ನಂಬಿಕೆ ಅಡಗಿದೆ. ಈ ನಂಬಿಕೆಯನ್ನು ಒಡೆದವನು ಸಮಾಜವಾದಿಯೇನೂ ಅಲ್ಲ. ಅಮೆರಿಕದ ಹರ್ಬರ್ಟ್ ಸೈಮನ್, ಸಂಸ್ಥೆಗಳಲ್ಲಿ ನಿರ್ಧಾರಗಳು ಹೇಗಾಗುತ್ತವೆಂದು ಅಭ್ಯಾಸ ಮಾಡಿ 1978ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಹುಮಾನ ಪಡೆದವನು, ಹೇಳಿದ್ದು ಇಷ್ಟು: ಮನುಷ್ಯನ ತಿಳಿವಳಿಕೆಗೆ ಮಿತಿಯಿದೆ, ಎಲ್ಲ ದಾರಿಗಳನ್ನೂ ತೂಗಿ ಅತ್ಯುತ್ತಮವಾದದ್ದನ್ನು ಆರಿಸಲು ಯಾರಿಗೂ ಸಾಧ್ಯವಿಲ್ಲ, ಆದ್ದರಿಂದ "ಇಷ್ಟಾದರೆ ಸಾಕು" ಎನ್ನಿಸಿದಲ್ಲಿ ಅವನು ನಿಲ್ಲುತ್ತಾನೆ. ನಾವು ಅದಕ್ಕೆ ಒಂದೇ ಪ್ರಶ್ನೆ ಸೇರಿಸುತ್ತೇವೆ. ಸಾಕು ಎಂದು ಹೇಳುವವನು ಯಾರು? ಭೋಪಾಲದಲ್ಲಿ ಆರು ಆಳು ಸಾಕು ಎಂದವನು ಆ ಆರರಲ್ಲಿ ಒಬ್ಬನಾಗಿರಲಿಲ್ಲ.

ಕಾನೂನು ಏನನ್ನುತ್ತದೆ? ಬಾಯಿಮಾತಿಗೆ ಎಲ್ಲವನ್ನೂ ಕೊಟ್ಟಿದೆ. 1947ರ ಕೈಗಾರಿಕಾ ವಿವಾದಗಳ ಕಾಯ್ದೆ, ನೂರು ಅಥವಾ ಹೆಚ್ಚು ಜನ ದುಡಿಯುವ ಕಡೆ ವರ್ಕ್ಸ್ ಕಮಿಟಿ ಮಾಡಿರೆಂದು ಸರಕಾರ ಆಜ್ಞೆ ಮಾಡಬಹುದೆಂದಿತು. ಅದರಲ್ಲಿ ಕಾರ್ಮಿಕ ಪ್ರತಿನಿಧಿಗಳು ಮಾಲೀಕರ ಪ್ರತಿನಿಧಿಗಳಿಗಿಂತ ಕಡಿಮೆ ಇರಬಾರದೆಂದಿತು. 2020ರ ಕೈಗಾರಿಕಾ ಸಂಬಂಧಗಳ ಸಂಹಿತೆಯಲ್ಲಿಯೂ ವರ್ಕ್ಸ್ ಕಮಿಟಿ ಹಾಗೆಯೇ ಇದೆ. ಕಮಿಟಿಯ ಮುಂದೆ ಏನು ಬರಬೇಕು, ಏನು ಬರಬಾರದು ಎಂದು 1959ರಲ್ಲಿ ಭಾರತೀಯ ಕಾರ್ಮಿಕ ಸಮ್ಮೇಳನದ ಕಡೆಯಿಂದ ಒಂದು ಪಟ್ಟಿಯೂ ಆಯಿತು. ಬರಬಹುದಾದವು: ಗಾಳಿ, ಬೆಳಕು, ಕುಡಿಯುವ ನೀರು, ಕ್ಯಾಂಟೀನು, ಕಕ್ಕಸು. ಬರಬಾರದವು: ಕೂಲಿ, ಬೋನಸ್ಸು, ಕೆಲಸದ ಹೊರೆ, ಯಂತ್ರಗಳ ಮರುಜೋಡಣೆ, ಆಳುಗಳ ಕಡಿತ, ಮುಂದಿನ ಯೋಜನೆ. ಅಂದರೆ ಗಿರಣಿ ಉಳಿಯುವುದೋ ಮುಳುಗುವುದೋ ಎಂಬುದನ್ನು ಬಿಟ್ಟು ಉಳಿದದ್ದನ್ನೆಲ್ಲ ಚರ್ಚಿಸಬಹುದು! 1976ರ ನಲವತ್ತೆರಡನೆಯ ತಿದ್ದುಪಡಿಯಿಂದ ಸಂವಿಧಾನದಲ್ಲಿ 43ಎ ವಿಧಿ ಬಂತು. ಉದ್ಯಮಗಳ ಆಡಳಿತದಲ್ಲಿ ಕಾರ್ಮಿಕರು ಭಾಗವಹಿಸುವಂತೆ ರಾಜ್ಯ ಕ್ರಮ ಕೈಗೊಳ್ಳಬೇಕೆಂದಿತು. ಅದು ನಿರ್ದೇಶಕ ತತ್ವ. ಕೋರ್ಟಿನಲ್ಲಿ ಕೇಳಿ ಪಡೆಯುವಂಥದ್ದಲ್ಲ. 1990ರಲ್ಲಿ ರಾಜ್ಯಸಭೆಗೆ ಬಂದ ಮಸೂದೆ ಕಾಯ್ದೆಯಾಗಲೇ ಇಲ್ಲ.

ತಪ್ಪೆಲ್ಲ ಸರಕಾರದ್ದೇ ಎಂದೂ ನಾವು ಹೇಳೆವು. ಎಷ್ಟೋ ಸಂಘಗಳ ಮುಖಂಡರಿಗೆ ಈ ವಿಷಯ ಬೇಡವಾಗಿದೆ. ಬೋನಸ್ಸು ಕೇಳುವುದು ಸುಲಭ. ಸಿಕ್ಕಿದರೆ ಹಾರ, ಸಿಕ್ಕದಿದ್ದರೆ ಘೋಷಣೆ. ಹತ್ತಿ ಖರೀದಿಯ ಲೆಕ್ಕ ಕೇಳಬೇಕಾದರೆ ಲೆಕ್ಕ ಓದಲು ಕಲಿಯಬೇಕು, ಓದಿದ ಮೇಲೆ ಹೊಣೆ ಹೊರಬೇಕು.

ಅಂಗಡಿಯ ಬಂಧುಗಳು "ಇದು ಗಿರಣಿಯವರ ಗೋಳು, ನಮಗೇನು?" ಎನ್ನಬಾರದು. ನೀವು ದಿನಕ್ಕೆ ಹತ್ತು ನಿರ್ಧಾರ ಮಾಡುವವರು. ಎಷ್ಟು ಬೆಲ್ಲ ತರಿಸಬೇಕು, ಯಾರಿಗೆ ಉದ್ರಿ ಕೊಡಬೇಕು, ಯಾರಿಗೆ ನಿಲ್ಲಿಸಬೇಕು. ತಪ್ಪಿದರೆ ನಿಮ್ಮ ಗಲ್ಲೆಗೇ ಪೆಟ್ಟು, ಆದ್ದರಿಂದ ಎಚ್ಚರ ತಾನಾಗಿ ಬರುತ್ತದೆ. ಗಿರಣಿಯ ಮಹಡಿಯಲ್ಲಿ ಹಾಗಲ್ಲ. ನಿರ್ಧಾರ ಒಬ್ಬನದು, ಪೆಟ್ಟು ಇನ್ನೊಬ್ಬನದು. ಆ ಇನ್ನೊಬ್ಬರಲ್ಲಿ ನೀವೂ ಸೇರಿದ್ದೀರಿ. ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಎಂದು ಕರೆಯುತ್ತಿದ್ದ ಕಾಲವಿತ್ತು. ಅಲ್ಲಿನ ಬಟ್ಟೆ ಗಿರಣಿಗಳು ಒಂದೊಂದಾಗಿ ಮುಚ್ಚಿದಾಗ ಆ ತೀರ್ಮಾನ ಮಾಡುವ ಮುನ್ನ ಗಿರಣಿಯ ಎದುರಿನ ಕಿರಾಣಿಯವನನ್ನು, ಚಹಾದ ಅಂಗಡಿಯವನನ್ನು, ಸೈಕಲ್ ರಿಪೇರಿಯವನನ್ನು ಕರೆದು ಕೇಳಿದವರಾರು? ಗಿರಣಿಗೆ ಸಾಲ ಕೊಟ್ಟ ಬ್ಯಾಂಕಿಗೆ ಅಡಮಾನದ ಕಾಗದವಿರುತ್ತದೆ. ನಿಮ್ಮ ಉದ್ರಿ ಪುಸ್ತಕಕ್ಕೆ ಯಾವ ಕೋರ್ಟಿನಲ್ಲಿ ಬೆಲೆಯಿದೆ?

ಕಾರ್ಮಿಕರ ಕೈಗೆ ಪೂರ್ತಿ ವ್ಯಾಪಾರ ಕೊಟ್ಟರೆ ಮೂರು ದಿನದಲ್ಲಿ ಮುಳುಗಿಸುತ್ತಾರೆ ಎಂಬ ಹಾಸ್ಯವೂ ಕೇಳಿದ್ದೇವೆ. ಐವತ್ತರ ದಶಕದಲ್ಲಿ ಕಾಫಿ ಬೋರ್ಡಿನವರು ತಮ್ಮ ಕಾಫಿ ಹೌಸುಗಳನ್ನು ಮುಚ್ಚುವ ನಿರ್ಧಾರಕ್ಕೆ ಬಂದರು. ಅದೂ ಮಹಡಿಯ ಮೇಲಿನ ನಿರ್ಧಾರವೇ. ತಟ್ಟೆ ಎತ್ತುವವರು, ಕಾಫಿ ಕಾಸುವವರು, ಬಿಲ್ಲು ಬರೆಯುವವರು ಎ. ಕೆ. ಗೋಪಾಲನ್ ಅವರ ಬೆಂಬಲದಿಂದ ಸಹಕಾರ ಸಂಘ ಕಟ್ಟಿಕೊಂಡರು. ಮೊದಲನೆಯ ಸಂಘ ಹುಟ್ಟಿದ್ದು ನಮ್ಮ ಬೆಂಗಳೂರಿನಲ್ಲಿ, 1957ರ ಆಗಸ್ಟ್ 19ರಂದು. ಎಂ. ಜಿ. ರಸ್ತೆಯ ಅವರ ಕಾಫಿ ಹೌಸು 2009ರವರೆಗೂ ಅಲ್ಲಿಯೇ ನಡೆದು, ಅನಂತರ ಚರ್ಚ್ ಸ್ಟ್ರೀಟಿಗೆ ಹೋಯಿತು. ನಷ್ಟವೆಂದು ಬೋರ್ಡು ಕೈಬಿಟ್ಟ ವ್ಯಾಪಾರವನ್ನು ಮಾಣಿಗಳು ಅರ್ಧ ಶತಮಾನ ದಾಟಿಸಿದರು! ಎಲ್ಲ ಸಹಕಾರ ಸಂಘಗಳೂ ಹೀಗೆ ಗೆದ್ದಿವೆಯೆಂದಲ್ಲ, ಸೋತವೂ ಬೇಕಾದಷ್ಟಿವೆ. ಮಾಲೀಕರ ಕಂಪೆನಿಗಳೂ ಬೇಕಾದಷ್ಟು ಸೋತಿವೆ. ಅವು ಸೋತಾಗ ಮಾಲೀಕರಿಗೆ ಯೋಚಿಸಲು ಬಾರದು ಎಂದು ಯಾರೂ ಶಾಸ್ತ್ರ ಬರೆಯಲಿಲ್ಲ.

ನಿಮ್ಮ ಗಿರಣಿಯಲ್ಲಿ ವರ್ಕ್ಸ್ ಕಮಿಟಿ ಇದೆಯೆ? ಇದ್ದರೆ ಕಳೆದ ಸಭೆ ಯಾವಾಗ ನಡೆಯಿತು, ನಡಾವಳಿ ಪುಸ್ತಕ ಯಾರ ಬೀರುವಿನಲ್ಲಿದೆ ಎಂದು ಈ ವಾರವೇ ವಿಚಾರಿಸಿ. ಮುಂದಿನ ಸಭೆಯಲ್ಲಿ ಕ್ಯಾಂಟೀನಿನ ಚಹಾದ ಮಾತು, ನಲ್ಲಿಯ ಮಾತು ಮುಗಿದ ಕೂಡಲೇ ಎದ್ದು ಬರಬೇಡಿ. ಮೂರು ತಿಂಗಳಲ್ಲಿ ಎಷ್ಟು ಮಗ್ಗ ಎಷ್ಟು ಹೊತ್ತು ನಿಂತವು, ಯಾವ ಕಾರಣಕ್ಕೆ ನಿಂತವು, ಹತ್ತಿ ಯಾವ ದರದಲ್ಲಿ ಯಾರಿಂದ ಬಂತು ಎಂಬ ಲೆಕ್ಕವನ್ನು ಮೇಜಿನ ಮೇಲೆ ಇಡಿಸಿರಿ. "ಅದು ನಿಮಗೆ ಸಂಬಂಧಿಸಿದ ವಿಷಯವಲ್ಲ" ಎಂಬ ಉತ್ತರ ಬಂದರೆ ಅದನ್ನೇ ಬರೆದು ರುಜು ಮಾಡಿ ಕೊಡಿ ಎಂದು ಕೇಳಿರಿ. ಆ ಕಾಗದದ ಒಂದು ನಕಲನ್ನು ನಮ್ಮ ಕಚೇರಿಗೆ ಕಳಿಸಿದರೆ ಇದೇ ಪುಟದಲ್ಲಿ, ಒಂದಕ್ಷರವೂ ಬಿಡದಂತೆ, ಅಚ್ಚು ಹಾಕುತ್ತೇವೆ.